ತಾಯಿಗೆ ಶುಗರ್ ಇದ್ದರೆ ಎದೆಹಾಲು ಬಿಡಿಸಬೇಕಾ? ಬಾಣಂತಿ ಊಟ, ಮಗುವಿನ ಹಾಲು: ತಿಳಿದವರು ಹೇಳಿ

ಹೊಸಅಮ್ಮ_ತುಮಕೂರು

ಎಲ್ಲರಿಗೂ ನಮಸ್ಕಾರ. ನನಗೆ ಮದುವೆಗೆ ಮುಂಚಿನಿಂದಲೂ ಪಿಸಿಓಡಿ (ಅಂಡಾಶಯ, ಹಾರ್ಮೋನಿನ ತೊಂದರೆ) ಇತ್ತು, ಮೆಟ್‌ಫಾರ್ಮಿನ್ ಅನ್ನುವ ಶುಗರ್ ಮಾತ್ರೆ ತಗೊಳ್ಳುತ್ತಿದ್ದೆ. ಬಸುರಿಯಾದಾಗ ಏಳನೇ ತಿಂಗಳಲ್ಲಿ ಶುಗರ್ ಜಾಸ್ತಿ ಬಂತು. ಊಟದ ಪತ್ಯದಲ್ಲಿ ಹಿಡಿತಕ್ಕೆ ಬರಲಿಲ್ಲ, ಇನ್ಸುಲಿನ್ ಶುರು ಮಾಡಿದರು. ಸಿಸೇರಿಯನ್ ಆಯಿತು. ಮಗಳಿಗೆ ಈಗ ಎರಡು ವಾರ. ಇನ್ಸುಲಿನ್ ನಿಲ್ಲಿಸಿದ್ದಾರೆ, ಮೆಟ್‌ಫಾರ್ಮಿನ್ ಮಾತ್ರ ಮುಂದುವರಿದಿದೆ. ನಾವು ಸಸ್ಯಾಹಾರಿಗಳು.

ಹುಟ್ಟಿದ ರಾತ್ರಿ ಮಗುವಿನ ಶುಗರ್ ಇಳಿದಿದೆ ಅಂತ ಪುಡಿ ಹಾಲು ಕೊಟ್ಟರು. ನನಗೆ ಹಾಲು ಸರಿಯಾಗಿ ಇಳಿದದ್ದು ನಾಲ್ಕನೇ ದಿನ. ಈಗ ಬರುತ್ತಿದೆ, ಮಗು ಕುಡಿಯುತ್ತಾಳೆ. ಆದರೆ ಮನೆಯಲ್ಲಿ ದಿನವೂ ಇದೇ ಮಾತು. ನನ್ನ ರಕ್ತದಲ್ಲಿ ಸಕ್ಕರೆ ಇದೆ, ಹಾಲಿಗೂ ಅದೇ ಸೇರುತ್ತದೆ, ಕುಡಿದ ಮಗುವಿಗೂ ಶುಗರ್ ಬರುತ್ತದೆ ಅಂತ ಅತ್ತೆಗೆ ಭಯ. ಎದೆಹಾಲು ಬಿಡಿಸಿ ನಾಟಿ ಹಸುವಿನ ಹಾಲಿಗೆ ನೀರು ಬೆರೆಸಿ ಕೊಡೋಣ ಅನ್ನುತ್ತಾರೆ. ಇತ್ತ ಅಮ್ಮ ಗದಗಿನಿಂದ ಡಬ್ಬಿ ತುಂಬ ಅಂಟಿನ ಉಂಡೆ ಕಳಿಸಿದ್ದಾರೆ, ತಿಂದರೆ ಹಾಲು ಜಾಸ್ತಿ ಆಗುತ್ತದೆ ಅಂತ. ಇಬ್ಬರದೂ ಪ್ರೀತಿಯೇ. ಆದರೆ ಯಾರ ಮಾತು ಕೇಳಬೇಕು ಅಂತ ಗೊತ್ತಾಗುತ್ತಿಲ್ಲ. ಮಾತ್ರೆ ಹಾಲಿಗೆ ಹೋಗುತ್ತದಾ ಅನ್ನುವ ಹೆದರಿಕೆ ಬೇರೆ. ತಿಳಿದವರು ದಯವಿಟ್ಟು ಹೇಳಿ.

ವಾರ್ಡ್_ಸಿಸ್ಟರ್

ತಂಗಿ, ಮೊದಲು ಇದನ್ನು ಓದು. ಹಾಲು ಬಿಡಿಸಬೇಡ. ನಾನು ನವಜಾತ ಶಿಶುಗಳ ವಾರ್ಡಿನಲ್ಲಿ ಕೆಲಸ ಮಾಡುವವಳು. ನಿನ್ನ ಅತ್ತೆ ಹೇಳಿದ ಮಾತನ್ನು ಎಷ್ಟೋ ಮನೆಯವರ ಬಾಯಲ್ಲಿ ಕೇಳಿದ್ದೇನೆ. ಅದಕ್ಕೆ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ಎದೆಹಾಲು ಸಿಹಿ ಇರುವುದು ಲ್ಯಾಕ್ಟೋಸ್‌ನಿಂದ. 100 ಮಿಲಿ ಹಾಲಿನಲ್ಲಿ ಸುಮಾರು 7 ಗ್ರಾಂ ಇರುತ್ತದೆ. ತಾಯಿ ಹೋಳಿಗೆ ತಿಂದರೂ ಅಷ್ಟೇ, ಉಪವಾಸ ಇದ್ದರೂ ಹೆಚ್ಚು ಕಡಿಮೆ ಅಷ್ಟೇ. ಎದೆಯೊಳಗಿನ ಜೀವಕೋಶಗಳು ಅದನ್ನು ತಮ್ಮ ಅಳತೆಯಲ್ಲೇ ತಯಾರಿಸುತ್ತವೆ. ತಾಯಿಯ ಶುಗರ್ ತುಂಬ ಏರಿದ್ದರೆ ಹಾಲಿನಲ್ಲಿ ಗ್ಲುಕೋಸ್ ಒಂದು ಚೂರು ಏರಬಹುದು. ಆದರೆ ಲ್ಯಾಕ್ಟೋಸ್ ಮುಂದೆ ಅದು ಲೆಕ್ಕಕ್ಕೇ ಬಾರದಷ್ಟು ಕಡಿಮೆ. ಅದರಿಂದ ಮಗುವಿಗೆ ಸಕ್ಕರೆ ಕಾಯಿಲೆ ಬರುವುದಿಲ್ಲ.

ಹಾಗಾದರೆ ಹುಟ್ಟಿದ ರಾತ್ರಿ ಶುಗರ್ ಯಾಕೆ ಇಳಿಯಿತು? ಹೊಟ್ಟೆಯಲ್ಲಿದ್ದಾಗ ನಿನ್ನ ಸಕ್ಕರೆ ಮಾಸಿನ ಮೂಲಕ ಮಗುವಿಗೆ ಹೋಗುತ್ತಿತ್ತು. ಅದನ್ನು ನಿಭಾಯಿಸಲು ಮಗುವಿನ ದೇಹ ತಾನೇ ಜಾಸ್ತಿ ಇನ್ಸುಲಿನ್ ಮಾಡಿಕೊಳ್ಳುತ್ತಿತ್ತು. ಹೊಕ್ಕುಳಬಳ್ಳಿ ಕತ್ತರಿಸಿದ ಕೂಡಲೇ ಸಕ್ಕರೆ ಬರುವುದು ನಿಂತಿತು. ಇನ್ಸುಲಿನ್ ಮಾತ್ರ ಇನ್ನೂ ಹಾಗೇ ಉಳಿದಿತ್ತು. ಅದಕ್ಕೇ ಇಳಿದದ್ದು. ಮೊದಲ ಒಂದೆರಡು ದಿನದ ವಿಷಯ ಇದು. ಆ ಹೊತ್ತಿನಲ್ಲಿ ಹಿಮ್ಮಡಿ ಚುಚ್ಚಿ ರಕ್ತ ನೋಡುತ್ತೇವೆ. 40–45ರ ಆಸುಪಾಸಿಗಿಂತ ಕೆಳಗೆ ಬಂದರೆ ಬೇಗ ಏನಾದರೂ ಮಾಡಲೇಬೇಕು. ಎದೆಹಾಲು ಸಾಲದಿದ್ದರೆ ಪುಡಿ ಹಾಲು, ಕೆಲವು ಕಡೆ ಕೆನ್ನೆಯ ಒಳಗೆ ಹಚ್ಚುವ ಗ್ಲುಕೋಸ್ ಜೆಲ್, ತೀರಾ ಬೇಕಾದರೆ ಡ್ರಿಪ್. ಆವತ್ತು ಪುಡಿ ಹಾಲು ಕೊಟ್ಟದ್ದು ಔಷಧಿಯ ಹಾಗೆ. ಇನ್ನು ಮೇಲೆ ನಿನ್ನ ಹಾಲು ಬೇಡ ಅಂತ ಅದರ ಅರ್ಥ ಅಲ್ಲ.

ಹಾಲು ನಾಲ್ಕನೇ ದಿನ ಬಂದದ್ದಕ್ಕೂ ಕಾರಣ ಇದೆ. ಸಾಮಾನ್ಯವಾಗಿ ಎರಡು ಮೂರನೇ ದಿನಕ್ಕೆ ಎದೆ ತುಂಬುತ್ತದೆ. ಹಾಲು ತಯಾರಾಗಲು ಇನ್ಸುಲಿನ್ ಕೆಲಸವೂ ಬೇಕು. ಅದಕ್ಕೇ ಶುಗರ್ ಇರುವವರಿಗೆ, ಅದರಲ್ಲೂ ಇನ್ಸುಲಿನ್ ತೆಗೆದುಕೊಂಡವರಿಗೆ, ಒಂದು ದಿನವೋ ಇನ್ನೂ ಸ್ವಲ್ಪವೋ ತಡ ಆಗುತ್ತದೆ. ಸಿಸೇರಿಯನ್ ಕೂಡ ಸೇರಿದರೆ ಇನ್ನೂ ತಡ. ನಿನ್ನಲ್ಲಿ ಏನೂ ಕೊರತೆ ಇರಲಿಲ್ಲ, ತಿಳೀತಾ?

ಈಗ ನೋಡಬೇಕಾದ್ದು ಮಗುವನ್ನು. ದಿನಕ್ಕೆ ಆರು ಸಲವಾದರೂ ಚೆನ್ನಾಗಿ ಉಚ್ಚೆ ಹೊಯ್ಯುತ್ತಿದ್ದಾಳಾ? ಹುಟ್ಟಿದ ತೂಕಕ್ಕೆ ಈ ಹೊತ್ತಿಗೆ ವಾಪಸ್ ಬಂದಿದ್ದಾಳಾ? ಎರಡೂ ಹೌದು ಅಂದರೆ ಹಾಲು ಸಾಲುತ್ತಿದೆ.

ಹೊಸಅಮ್ಮ_ತುಮಕೂರು

ಸಿಸ್ಟರ್, ಓದಿ ಕಣ್ಣಲ್ಲಿ ನೀರು ಬಂತು. ಉಚ್ಚೆ ಸರಿಯಾಗಿ ಹೊಯ್ಯುತ್ತಾಳೆ. ತೂಕ ನಾಳೆ ಆಶಾ ಅಕ್ಕ ಬಂದಾಗ ನೋಡಿಸುತ್ತೇನೆ. ಮೆಟ್‌ಫಾರ್ಮಿನ್ ಬಗ್ಗೆ?

ವಾರ್ಡ್_ಸಿಸ್ಟರ್

ಹಾಲಿಗೆ ಹೋಗುವುದು ತುಂಬ ಕಡಿಮೆ. ತೂಕಕ್ಕೆ ಹೊಂದಿಸಿ ನೋಡಿದರೆ ತಾಯಿ ತಗೊಂಡದ್ದರ ನೂರರಲ್ಲಿ ಒಂದು ಪಾಲೂ ಮಗುವಿಗೆ ಸಿಗುವುದಿಲ್ಲ. ಹಾಲೂಡಿಸುವವರಿಗೆ ಧಾರಾಳವಾಗಿ ಕೊಡುವ ಮಾತ್ರೆ ಅದು. ಇನ್ಸುಲಿನ್ ಆದರೂ ಹೆದರಬೇಕಿಲ್ಲ. ಚೂರುಪಾರು ಹಾಲಿಗೆ ಬಂದರೂ ಮಗುವಿನ ಹೊಟ್ಟೆಯಲ್ಲಿ ಜೀರ್ಣವಾಗಿ ಹೋಗುತ್ತದೆ. ಬೇರೆ ಶುಗರ್ ಮಾತ್ರೆಗಳನ್ನು ಮಾತ್ರ ಡಾಕ್ಟರನ್ನು ಕೇಳದೆ ಮುಟ್ಟಬೇಡಿ. ಮನೆಯಲ್ಲಿ ಇನ್ನೊಬ್ಬರಿಗೆ ಬರೆದುಕೊಟ್ಟದ್ದನ್ನಂತೂ ಬೇಡವೇ ಬೇಡ.

ಟೈಪ್ಒನ್_ತಾಯಿ

ನನಗೆ ಹದಿಹರೆಯದಿಂದಲೂ ಟೈಪ್ 1, ಅಂದರೆ ದೇಹದಲ್ಲಿ ಇನ್ಸುಲಿನ್ನೇ ತಯಾರಾಗದ ಸಕ್ಕರೆ ಕಾಯಿಲೆ. ಮಗನಿಗೆ ಒಂದೂವರೆ ವರ್ಷದವರೆಗೆ ಹಾಲೂಡಿಸಿದೆ. ಇಲ್ಲಿ ಯಾರೂ ಹೇಳದ ಒಂದು ವಿಷಯ ಹೇಳುತ್ತೇನೆ. ಇನ್ಸುಲಿನ್ ಮೇಲೆ ಇರುವವರು ಹಾಲೂಡಿಸುವಾಗ ಶುಗರ್ ಸರ್ರನೆ ಇಳಿಯಬಹುದು. ರಾತ್ರಿ ಹೊತ್ತು ಇನ್ನೂ ಜಾಸ್ತಿ. ಹಾಲು ತಯಾರಾಗಲು ದೇಹ ದಿನಕ್ಕೆ ಸುಮಾರು 500 ಕ್ಯಾಲೊರಿ ಖರ್ಚು ಮಾಡುತ್ತದೆ, ಸಕ್ಕರೆಯೂ ಅಲ್ಲಿಗೇ ಹೋಗುತ್ತದೆ. ಹೆರಿಗೆ ಆದ ಕೂಡಲೇ ಇನ್ಸುಲಿನ್ ಪ್ರಮಾಣವನ್ನು ತುಂಬ ಇಳಿಸಬೇಕಾಗುತ್ತದೆ. ಹಳೆಯ ಅಳತೆಯಲ್ಲೇ ತಗೊಂಡರೆ ಅಪಾಯ.

ಹಾಲೂಡಿಸಲು ಕೂರುವ ಮುಂಚೆ ಏನಾದರೂ ತಿನ್ನಿ. ಒಂದು ಚಪಾತಿ, ಒಂದು ಹಿಡಿ ಕಡಲೆಬೀಜ, ಒಂದು ಲೋಟ ಹಾಲು, ಯಾವುದಾದರೂ ಸರಿ. ಕೈಗೆ ಸಿಗುವ ಹಾಗೆ ನೀರು, ಸಕ್ಕರೆ ಡಬ್ಬಿ ಇಟ್ಟುಕೊಳ್ಳಿ. ಬೆವರು, ನಡುಕ ಬಂತು ಅಂದರೆ ಮೂರು ಚಮಚ ಸಕ್ಕರೆ ನೀರಿಗೆ ಹಾಕಿ ಕುಡಿದು, ಮಗುವನ್ನು ಪಕ್ಕದವರ ಕೈಗೆ ಕೊಟ್ಟುಬಿಡಿ. ಕಾಲು ಗಂಟೆ ಬಿಟ್ಟು ಮತ್ತೆ ಚೆಕ್ ಮಾಡಿ. ಬರೀ ಮೆಟ್‌ಫಾರ್ಮಿನ್ ತಗೊಳ್ಳುವವರಿಗೆ ಹೀಗೆ ಆಗುವುದು ಅಪರೂಪ.

ಇನ್ನೊಂದು. ಎದೆ ಗಟ್ಟಿಯಾಗಿ ಕೆಂಪಾಗಿ ಜ್ವರ ಬಂದರೆ ಕಾಯಬೇಡಿ. ಶುಗರ್ ಇರುವ ನಮಗೆ ಸೋಂಕು ಬೇಗ ಹತ್ತುತ್ತದೆ.

ಹಳ್ಳಿ_ಹೈನು

ಎಲ್ಲರ ಮಾತೂ ಸರಿ. ಆದರೆ ನಾಟಿ ಹಸುವಿನ ಹಾಲನ್ನು ಅಷ್ಟು ಸುಲಭವಾಗಿ ತಳ್ಳಿಹಾಕಬೇಡಿ. ನಮ್ಮ ಮನೆಯಲ್ಲಿ ಮಲೆನಾಡು ಗಿಡ್ಡ ಇವೆ. ಎ2 ಹಾಲು (ಹಾಲಿನ ಒಂದು ಪ್ರೋಟೀನಿನಲ್ಲಿ ಎ1, ಎ2 ಅಂತ ಎರಡು ಬಗೆ). ಎ1 ಹಾಲಿನಿಂದಲೇ ಮಕ್ಕಳಿಗೆ ಸಕ್ಕರೆ ಕಾಯಿಲೆ ಬರುತ್ತಿದೆ, ಎ2ಗೆ ಆ ದೋಷ ಇಲ್ಲ ಅಂತ ಓದಿದ್ದೇನೆ. ತಾಯಿಗೆ ಶುಗರ್ ಇದ್ದಾಗ ಮಗುವಿಗೆ ಇದನ್ನೇ ಕೊಟ್ಟರೆ ತಪ್ಪೇನು?

ಊಟದ_ಲೆಕ್ಕ

ಅಣ್ಣ, ಗಿಡ್ಡ ತಳಿ ಉಳಿಸುತ್ತಿದ್ದೀರಿ, ಅದು ದೊಡ್ಡ ಕೆಲಸ. ಆದರೆ ಎರಡು ವಾರದ ಕೂಸಿಗೆ ಯಾವ ಹಸುವಿನ ಹಾಲೂ ಬೇಡ. ನಾನು ಆಹಾರ ತಜ್ಞೆ, ಬಸುರಿ ಬಾಣಂತಿಯರ ಊಟವೇ ನನ್ನ ಕೆಲಸ.

ಎ1, ಎ2 ಬಿಡಿ, ಹಸುವಿನ ಹಾಲಿನಲ್ಲಿ ಪ್ರೋಟೀನ್ ಎದೆಹಾಲಿಗಿಂತ ಮೂರು ಪಟ್ಟು. ಉಪ್ಪಿನಂಶವೂ ಜಾಸ್ತಿ. ಎಳೆಯ ಮೂತ್ರಪಿಂಡಕ್ಕೆ ಅದು ಹೊರೆ. ಕಬ್ಬಿಣದ ಅಂಶ ತೀರಾ ಕಡಿಮೆ. ಕೆಲವು ಕೂಸುಗಳ ಕರುಳಿನಲ್ಲಿ ಕಣ್ಣಿಗೆ ಕಾಣದಷ್ಟು ರಕ್ತವೂ ಜಿನುಗುತ್ತದೆ. ನೀರು ಬೆರೆಸಿದರೆ ಪ್ರೋಟೀನ್ ಜೊತೆಗೆ ಶಕ್ತಿಯೂ ಇಳಿಯುತ್ತದೆ. ಹೊಟ್ಟೆ ತುಂಬಿದ ಹಾಗೆ ಕಾಣುತ್ತದೆ, ತೂಕ ಏರುವುದಿಲ್ಲ. ಅದಕ್ಕೇ ಒಂದು ವರ್ಷ ತುಂಬುವವರೆಗೆ ಕುಡಿಯುವ ಹಾಲಾಗಿ ಹಸು, ಎಮ್ಮೆ, ಆಡಿನ ಹಾಲು ಬೇಡ ಅನ್ನುವುದು. ಆಡಿನ ಹಾಲಿನಲ್ಲಂತೂ ಫೋಲೇಟ್ ತುಂಬ ಕಡಿಮೆ.

ಇನ್ನು ಹಸುವಿನ ಹಾಲಿಗೂ ಟೈಪ್ 1ಗೂ ನಂಟು ಇದೆಯಾ ಅನ್ನುವುದು ಹಳೆಯ ಪ್ರಶ್ನೆ, ಗಂಭೀರ ಪ್ರಶ್ನೆಯೇ. ಟೈಪ್ 1 ಜಗತ್ತಿನಲ್ಲೇ ಅತಿ ಹೆಚ್ಚು ಇರುವುದು ಫಿನ್ಲೆಂಡ್‌ನಲ್ಲಿ. ಅಲ್ಲಿನವರು ಮುಂದೆ ನಿಂತು 15 ದೇಶಗಳಲ್ಲಿ ಟ್ರಿಗರ್ ಅನ್ನುವ ಅಧ್ಯಯನ ನಡೆಸಿದರು. ಮನೆಯಲ್ಲಿ ಟೈಪ್ 1 ಇರುವ 2,159 ಶಿಶುಗಳನ್ನು ಸೇರಿಸಿಕೊಂಡರು. ಎದೆಹಾಲಿನ ಜೊತೆಗೆ ಬೇರೆ ಹಾಲು ಬೇಕಾದಾಗ ಅರ್ಧ ಮಕ್ಕಳಿಗೆ ಸಾಮಾನ್ಯ ಪುಡಿ ಹಾಲು, ಉಳಿದವರಿಗೆ ಹಸುವಿನ ಪ್ರೋಟೀನನ್ನು ಚೂರು ಚೂರು ಒಡೆದು ಮಾಡಿದ ಪುಡಿ ಹಾಲು. ವರ್ಷಗಟ್ಟಲೆ ಕಾದು ನೋಡಿ 2018ರಲ್ಲಿ ಫಲಿತಾಂಶ ಹೇಳಿದರು. ಎರಡೂ ಗುಂಪಿನಲ್ಲಿ ಟೈಪ್ 1 ಬಂದದ್ದು ಹೆಚ್ಚು ಕಡಿಮೆ ಒಂದೇ. ಎ1 ವಿಷಯವನ್ನು ಯುರೋಪಿನ ಆಹಾರ ಸುರಕ್ಷತಾ ಸಂಸ್ಥೆ 2009ರಲ್ಲೇ ಪರಿಶೀಲಿಸಿ, ಅದರಿಂದಲೇ ಕಾಯಿಲೆ ಬರುತ್ತದೆ ಅನ್ನಲು ಆಧಾರ ಇಲ್ಲ ಅಂದಿತು. ನಮ್ಮಲ್ಲೂ 2024ರ ಆಗಸ್ಟ್‌ನಲ್ಲಿ ಆಹಾರ ಸುರಕ್ಷತಾ ಪ್ರಾಧಿಕಾರ ಎಫ್‌ಎಸ್‌ಎಸ್‌ಎಐ ಪ್ಯಾಕೆಟ್ ಮೇಲಿನ ಎ1, ಎ2 ಮಾತು ತೆಗೆಯಿರಿ ಅಂತ ಸೂಚನೆ ಕೊಟ್ಟು, ಕೆಲವೇ ದಿನಗಳಲ್ಲಿ ಅದನ್ನು ವಾಪಸ್ ತಗೊಂಡಿತು. ಮಾರುಕಟ್ಟೆಯ ಜಗಳ ಏನೇ ಇರಲಿ, ಕೂಸಿನ ಬಾಯಿಗೆ ಹಾಕುವ ಮುಂಚೆ ಅದನ್ನು ನಂಬಬೇಡಿ.

ಬಾಣಂತಿ ಊಟದ ಬಗ್ಗೆ ಸಂಜೆ ಬರೆಯುತ್ತೇನೆ. ಅದು ಒಂದೆರಡು ಮಾತಿನಲ್ಲಿ ಮುಗಿಯುವುದಲ್ಲ.

ಹಳ್ಳಿ_ಹೈನು

ಸರಿ ಮೇಡಂ, ಕೂಸಿನ ವಿಷಯ ಒಪ್ಪಿದೆ. ಬಾಣಂತಿ ತಾನು ಕುಡಿಯಬಹುದಲ್ವಾ?

ಊಟದ_ಲೆಕ್ಕ

ಖಂಡಿತ ಕುಡಿಯಬಹುದು, ನಿಮ್ಮ ಗಿಡ್ಡದ ಹಾಲೇ ಆಗಲಿ. ಈಗ ಊಟಕ್ಕೆ ಬರೋಣ.

ಹಾಲೂಡಿಸುವ ಮೊದಲ ಆರು ತಿಂಗಳು ದಿನಕ್ಕೆ 600 ಕ್ಯಾಲೊರಿ ಜಾಸ್ತಿ ಬೇಕು ಅಂತ ನಮ್ಮ ವೈದ್ಯಕೀಯ ಸಂಶೋಧನಾ ಮಂಡಳಿ ಐಸಿಎಂಆರ್ ಹೇಳುತ್ತದೆ. ಶುಗರ್ ಇದೆ ಅಂತ ಹೊಟ್ಟೆ ಕಟ್ಟಬಾರದು. ತೂಕ ಇಳಿಸುವ ಆತುರವೂ ಈಗ ಬೇಡ. ಆದರೆ ಆ 600 ಎಲ್ಲಿಂದ ಬರುತ್ತದೆ ಅನ್ನುವುದೇ ಮುಖ್ಯ. ಅಂಟಿನ ಉಂಡೆಯಲ್ಲಿ ಅಂಟು, ಕೊಬ್ಬರಿ, ಗಸಗಸೆ, ತುಪ್ಪ ಇದೆ, ಒಳ್ಳೆಯದೇ. ಜೊತೆಗೆ ಬೆಲ್ಲ, ಉತ್ತತ್ತಿಯೂ ಇದೆ. ಬೆಲ್ಲ ನೈಸರ್ಗಿಕ ಅಂತ ಶುಗರ್ ಏರಿಸದೆ ಬಿಡುವುದಿಲ್ಲ. ಬೆಳಗ್ಗೆ ಖಾಲಿ ಹೊಟ್ಟೆಗೆ ಎರಡು ಉಂಡೆ, ಮೇಲೆ ಸಕ್ಕರೆ ಹಾಕಿದ ಹಾಲು ಅಂದರೆ ಮೀಟರ್ ಎಲ್ಲಿಗೋ ಹೋಗುತ್ತದೆ. ಈ ಡಬ್ಬಿಯದನ್ನು ಸಣ್ಣ ತುಂಡು ಮಾಡಿ ಊಟದ ಕೊನೆಗೆ ತಿನ್ನಿ, ಎರಡು ಗಂಟೆ ಬಿಟ್ಟು ಚೆಕ್ ಮಾಡಿ. ಮುಂದಿನ ಸಲ ಅಮ್ಮನಿಗೆ ಬೆಲ್ಲ ಉತ್ತತ್ತಿ ಕಡಿಮೆ ಮಾಡಿ, ಬಾದಾಮಿ, ಕಡಲೆಬೀಜ, ಎಳ್ಳು ಜಾಸ್ತಿ ಹಾಕಲು ಹೇಳಿ.

ರಾಗಿ ಬಿಡಬೇಡಿ, 100 ಗ್ರಾಂನಲ್ಲಿ ಸುಮಾರು 364 ಮಿಲಿಗ್ರಾಂ ಕ್ಯಾಲ್ಸಿಯಂ ಇದೆ. ಆದರೆ ತೆಳ್ಳಗೆ ಗಂಜಿ ಮಾಡಿ ಕುಡಿದರೆ ಶುಗರ್ ಬೇಗ ಏರುತ್ತದೆ. ಸಣ್ಣ ಮುದ್ದೆ, ಗಟ್ಟಿ ಸೊಪ್ಪಿನ ಸಾರು, ಹುರುಳಿಯೋ ಹೆಸರುಕಾಳೋ ಜೊತೆಗೆ ಇರಲಿ. ಮೂರು ಹೊತ್ತೂ ಬಿಳಿ ಅನ್ನ, ತಿಳಿಸಾರು, ತುಪ್ಪ ಅನ್ನುವ ಪತ್ಯ ಬೇಡ. ಅದರಲ್ಲಿ ಪ್ರೋಟೀನೇ ಇಲ್ಲ. ಹಾಲು ಯಾವ ಪ್ಯಾಕೆಟ್‌ನದು ಅಂತ ತಲೆ ಕೆಡಿಸಿಕೊಳ್ಳಬೇಡಿ. ನಂದಿನಿ ನೀಲಿ ಪ್ಯಾಕೆಟ್‌ಗೂ ಗಟ್ಟಿ ಹಾಲಿಗೂ ಕೊಬ್ಬಿನಲ್ಲಿ ವ್ಯತ್ಯಾಸ ಇದೆ, ಹಾಲಿನ ಸಕ್ಕರೆ ಎರಡರಲ್ಲೂ ಹೆಚ್ಚು ಕಡಿಮೆ ಒಂದೇ. ಅದಕ್ಕೆ ಬೆರೆಸುವ ಸಿಹಿ ಪುಡಿಗಳೇ ತೊಂದರೆ. ತಾಯಂದಿರಿಗಾಗಿ ಅಂತ ಡಬ್ಬಿ ಮೇಲೆ ಬರೆದಿದ್ದರೂ ಹಿಂದೆ ತಿರುಗಿಸಿ ಸಕ್ಕರೆ ಎಷ್ಟಿದೆ ಓದಿ.

ಈಗ ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುವ ವಿಷಯ. ತಾಯಿ ತಿಂದದ್ದರಿಂದ ಹಾಲಿನ ಲ್ಯಾಕ್ಟೋಸ್ ಬದಲಾಗುವುದಿಲ್ಲ, ಕ್ಯಾಲ್ಸಿಯಂ ಕೂಡ ಬದಲಾಗುವುದಿಲ್ಲ. ಕಡಿಮೆ ಬಿದ್ದರೆ ತಾಯಿಯ ಮೂಳೆಯಿಂದ ಹೋಗುತ್ತದೆ. ಆದರೆ ಬಿ12 ಹಾಗಲ್ಲ. ತಾಯಿಯಲ್ಲಿ ಇಲ್ಲದಿದ್ದರೆ ಹಾಲಿನಲ್ಲೂ ಇರುವುದಿಲ್ಲ. ನೀವು ಸಸ್ಯಾಹಾರಿ, ಮೆಟ್‌ಫಾರ್ಮಿನ್ ಬೇರೆ ವರ್ಷಗಳಿಂದ ತಗೊಂಡಿದ್ದೀರಿ. ಆ ಮಾತ್ರೆ ಬಿ12 ಹೀರಿಕೊಳ್ಳುವುದನ್ನು ಕಡಿಮೆ ಮಾಡುತ್ತದೆ. ಎರಡೂ ಸೇರಿದಾಗ ಮಗುವಿಗೆ ಬಿ12 ಸಿಗದೆ ಹೋಗಬಹುದು. ನಾಲ್ಕಾರು ತಿಂಗಳಾದ ಮೇಲೆ ಮಗು ಮಂಕಾಗುತ್ತದೆ, ನಿಂತಿದ್ದ ಕತ್ತು ಸೋಲುತ್ತದೆ, ರಕ್ತ ಕಡಿಮೆ ಆಗುತ್ತದೆ, ಕೆಲವರಿಗೆ ಕೈಕಾಲು ನಡುಗುತ್ತದೆ. ಮುಂಚೆಯೇ ತಿಳಿದರೆ ಇದನ್ನು ಪೂರ್ತಿ ತಡೆಯಬಹುದು.

ಇದು ದೂರದ ಮಾತಲ್ಲ. ಮೈಸೂರಿನ ಹೋಲ್ಡ್ಸ್‌ವರ್ತ್ ಆಸ್ಪತ್ರೆಯಲ್ಲಿ, ಅದೇ ನಮ್ಮ ಮಿಷನ್ ಆಸ್ಪತ್ರೆಯಲ್ಲಿ, 1997–98ರಲ್ಲಿ ಗರ್ಭಿಣಿಯರ ಅಧ್ಯಯನ ಶುರುವಾಯಿತು. ಅವರಲ್ಲಿ ಸುಮಾರು ಶೇ 43 ಜನರಿಗೆ ಬಿ12 ಕಡಿಮೆ ಇತ್ತು. ಬಿ12 ಕಡಿಮೆ ಇದ್ದವರಲ್ಲೇ ಬಸುರಿನ ಶುಗರ್ ಕೂಡ ಜಾಸ್ತಿ ಕಂಡಿತು. ಬೆಂಗಳೂರಿನ ಸೇಂಟ್ ಜಾನ್ಸ್‌ನವರ ಇನ್ನೊಂದು ಅಧ್ಯಯನ 2014ರಲ್ಲಿ ಬಂತು. ಬಸುರಿಯರಿಗೆ ದಿನಕ್ಕೆ 50 ಮೈಕ್ರೋಗ್ರಾಂ ಬಿ12 ಮಾತ್ರೆ ಕೊಟ್ಟು, ಹೆರಿಗೆ ಆದ ಮೇಲೂ ಆರು ವಾರ ಮುಂದುವರಿಸಿದರು. ತಾಯಿಯ ರಕ್ತ, ಎದೆಹಾಲು, ಮಗುವಿನ ರಕ್ತ, ಮೂರರಲ್ಲೂ ಬಿ12 ಏರಿತು. ಆದ್ದರಿಂದ ಡಾಕ್ಟರ ಹತ್ತಿರ ಹೋದಾಗ ಬಿ12 ಪರೀಕ್ಷೆ ಬರೆದುಕೊಡಿ ಅಂತ ನೀವೇ ಕೇಳಿ. ಮೆಟ್‌ಫಾರ್ಮಿನ್ ಮಾತ್ರ ಸ್ವಂತ ನಿರ್ಧಾರದಿಂದ ನಿಲ್ಲಿಸಬೇಡಿ. ಮಗುವಿಗೆ ದಿನಕ್ಕೆ 400 ಯೂನಿಟ್ ವಿಟಮಿನ್ ಡಿ ಹನಿಯನ್ನೂ ಮರೆಯಬೇಡಿ.

ಕರಾವಳಿ_ಹುಡುಗಿ

ಮೀನು ತಿನ್ನುವವರಿಗೆ ಒಂದು ಮಾತು. ಬೂತಾಯಿ, ಬಂಗುಡೆ ಧಾರಾಳವಾಗಿ ತಿನ್ನಿ. ಬಿ12 ಸಿಗುತ್ತದೆ, ಮಗುವಿನ ಮೆದುಳಿಗೆ ಬೇಕಾದ ಒಳ್ಳೆಯ ಕೊಬ್ಬೂ ಹಾಲಿಗೆ ಸೇರುತ್ತದೆ. ಹುರಿದದ್ದಕ್ಕಿಂತ ಪುಳಿಮುಂಚಿ ಒಳ್ಳೆಯದು.

ಅಜ್ಜಿ_ಮನೆ

ಮಕ್ಕಳೇ, ಬಾಣಂತನ ಅಂದರೆ ಬರೀ ಬೆಲ್ಲ ತುಪ್ಪ ಅಂದುಕೊಳ್ಳಬೇಡಿ. ನಮ್ಮ ಪತ್ಯದಲ್ಲಿ ಸಿಹಿ ಇಲ್ಲದ್ದೂ ಬೇಕಾದಷ್ಟಿದೆ. ಸಬ್ಬಸಿಗೆ ಸೊಪ್ಪಿನ ಪಲ್ಯ, ನುಗ್ಗೆಸೊಪ್ಪು, ಬೆಳ್ಳುಳ್ಳಿ ಚಟ್ನಿಪುಡಿ, ಮೆಣಸಿನ ಸಾರು, ಜೋಳದ ರೊಟ್ಟಿ, ಬಾಣಂತಿ ಖಾರ. ಇವನ್ನೆಲ್ಲ ಶುಗರ್ ಇರುವ ಬಾಣಂತಿಯೂ ತಿನ್ನಬಹುದು. ಅಳವಿ ಪಾಯಸದ ಬದಲು ಅಳವಿಯನ್ನು ನೆನೆಸಿ ಸಪ್ಪೆ ಹಾಲಿಗೆ ಹಾಕಿ ಕುದಿಸಿ ಕೊಡಿ.

ನಂಜು ಅಂತ ತರಕಾರಿಯನ್ನೆಲ್ಲ ಬಿಡಿಸುವುದು, ನೀರು ಕುಡಿಯಬೇಡ ಅನ್ನುವುದು, ಇವೆರಡು ಮಾತ್ರ ಬೇಡ. ಹಾಲೂಡಿಸುವವಳಿಗೆ ಬಾಯಾರಿಕೆ ಜಾಸ್ತಿ. ಬಿಸಿನೀರೋ ಜೀರಿಗೆ ನೀರೋ, ಬೇಕೆನಿಸಿದಷ್ಟು ಕುಡಿಯಲಿ. ಕೂಸಿಗೆ ಜೇನುತುಪ್ಪ, ಸಕ್ಕರೆ ನೀರು, ಬಜೆ ಯಾವುದೂ ಬೇಡ. ಮೊದಲ ದಿನದ ಹಳದಿ ಹಾಲನ್ನು ಹಿಂಡಿ ಚೆಲ್ಲುವುದಂತೂ ಈಗಲೂ ಕೆಲವು ಮನೆಗಳಲ್ಲಿ ಇದೆ. ಹಸು ಕರು ಹಾಕಿದರೆ ಗಿಣ್ಣಿಗೆ ಕಾಯುವ ನಾವು ಕೂಸಿನ ಪಾಲಿನ ಗಿಣ್ಣನ್ನು ಚೆಲ್ಲಿದರೆ ಹೇಗೆ?

ಮಗಳೇ, ಅತ್ತೆಯ ಜೊತೆ ವಾದ ಮಾಡಬೇಡ. ಮುಂದಿನ ಸಲ ಮಗು ತೋರಿಸಲು ಹೋಗುವಾಗ ಅವರನ್ನೂ ಕರೆದುಕೊಂಡು ಹೋಗು. ಡಾಕ್ಟರ ಬಾಯಿಂದಲೇ ಕೇಳಲಿ. ಹಾಗೇ ಮೊಮ್ಮಗಳ ಮೈಗೆ ಎಣ್ಣೆ ಹಚ್ಚುವುದು, ನೀರು ಹಾಕುವುದು, ರಾತ್ರಿ ಎತ್ತಿಕೊಳ್ಳುವುದು ಅವರ ಕೈಗೇ ಬಿಡು. ಹಾಲು ಬಿಡಿಸಿ ಅನ್ನುವ ಮಾತಿನ ಹಿಂದೆ ಮಗುವಿಗೆ ನಾನೂ ಏನಾದರೂ ಮಾಡಬೇಕು ಅನ್ನುವ ಆಸೆ ಇರುತ್ತದೆ.

ಟೈಪ್ಒನ್_ತಾಯಿ

ಅಜ್ಜಿ, ಕೊನೆಯ ಮಾತು ನಮ್ಮ ಮನೆಗೂ ಅನ್ವಯಿಸುತ್ತದೆ. ಮೆಂತ್ಯದ ಬಗ್ಗೆ ಒಂದು ಸೇರಿಸುತ್ತೇನೆ. ಅಡುಗೆಗೆ ಹಾಕುವಷ್ಟು ಸರಿ. ಹಾಲು ಬರಲಿ ಅಂತ ಚಮಚಗಟ್ಟಲೆ ಪುಡಿ ತಿಂದರೆ ಶುಗರ್ ಇಳಿಯುತ್ತದೆ. ಇನ್ಸುಲಿನ್ ಮೇಲೆ ಇರುವವರು ಜೋಪಾನ. ಅದರಿಂದ ಹಾಲು ಹೆಚ್ಚುತ್ತದೆ ಅನ್ನಲು ಗಟ್ಟಿ ಆಧಾರವೂ ಇಲ್ಲ.

ಯಾರ್ರಾ_ದಂಡೆ

ಮೆಲ್ಬರ್ನ್‌ನಿಂದ ಬರೆಯುತ್ತಿದ್ದೇನೆ. ಇನ್ನೂ ಬಸುರಿಯಾಗಿರುವವರಿಗೆ ಇದು ಉಪಯೋಗ ಆಗಬಹುದು. ನನಗೂ ಬಸುರಿನಲ್ಲಿ ಶುಗರ್ ಇತ್ತು. ಹೆರಿಗೆಗೆ ಮುಂಚೆಯೇ ಕೈಯಿಂದ ಸ್ವಲ್ಪ ಸ್ವಲ್ಪ ಗಿಣ್ಣು ಹಾಲು ಹಿಂಡಿ ಸಿರಿಂಜಿನಲ್ಲಿ ಫ್ರೀಜರ್‌ಗೆ ಇಡಲು ಕಲಿಸಿದರು. ಮಗುವಿನ ಶುಗರ್ ಇಳಿದರೆ ಅದನ್ನೇ ಕೊಡಬಹುದು. ಇದು ಸುರಕ್ಷಿತವೇ ಅಂತ ಇಲ್ಲೇ 635 ಹೆಂಗಸರನ್ನು ಸೇರಿಸಿ ಅಧ್ಯಯನ ಮಾಡಿ 2017ರಲ್ಲಿ ಪ್ರಕಟಿಸಿದ್ದರು. 36 ವಾರ ತುಂಬಿದ ಮೇಲೆ, ದಿನಕ್ಕೆ ಎರಡು ಸಲ. ಬೇರೆ ತೊಡಕು ಇಲ್ಲದವರಲ್ಲಿ ಇದರಿಂದ ಮಗುವಿಗೆ ತೊಂದರೆ ಹೆಚ್ಚಾಗಲಿಲ್ಲ. ಅವಧಿಗೆ ಮುಂಚೆ ನೋವು ಬಂದ ಇತಿಹಾಸ, ಮಾಸು ಕೆಳಗಿರುವುದು, ಅವಳಿ ಇಂಥವರಿಗೆ ಇದು ಬೇಡ. ನಿಮ್ಮ ಡಾಕ್ಟರನ್ನು ಕೇಳಿಯೇ ಮಾಡಿ.

ಅಪ್ಪ_ಹಾಸನ

ನನ್ನದೊಂದು ಪ್ರಶ್ನೆ. ನನ್ನ ಹೆಂಡತಿಗೂ ಶುಗರ್. ಏನೇ ಮಾಡಿದರೂ ಹಾಲು ಸಾಲುತ್ತಿಲ್ಲ, ಮಗುವಿನ ತೂಕ ಏರುತ್ತಿಲ್ಲ. ಅವಳು ದಿನವೂ ಅಳುತ್ತಾಳೆ. ಪುಡಿ ಹಾಲು ಕೊಡಬಹುದಾ? ಯಾವುದು ಒಳ್ಳೆಯದು?

ವಾರ್ಡ್_ಸಿಸ್ಟರ್

ಕೊಡಬಹುದು ಅಣ್ಣ, ಕೊಡಲೇಬೇಕಾದ ಸಂದರ್ಭ ಇದು. ತೂಕ ಏರದಿದ್ದರೆ ಮಗುವನ್ನು ಡಾಕ್ಟರಿಗೆ ತೋರಿಸುವುದು ಇವತ್ತಿನ ಕೆಲಸ. ಅವಳಿಗೆ ಹೇಳಿ, ಹಾಲು ಕಡಿಮೆ ಬಂದರೆ ತಾಯ್ತನ ಕಡಿಮೆ ಆಗುವುದಿಲ್ಲ. ಎಷ್ಟು ಬಂದರೂ ಅಷ್ಟನ್ನು ಮೊದಲು ಕುಡಿಸಲಿ, ಆಮೇಲೆ ಪುಡಿ ಹಾಲು. ಎದೆಗೆ ಹಾಕುವುದನ್ನು ನಿಲ್ಲಿಸಿದರೆ ಇರುವುದೂ ಬತ್ತುತ್ತದೆ. ಥೈರಾಯ್ಡ್ ಕೂಡ ಒಮ್ಮೆ ನೋಡಿಸಿ.

ಯಾವ ಕಂಪನಿ ಅಂತ ನಾನು ಹೇಳುವುದಿಲ್ಲ. ಪುಡಿ ಹಾಲಿಗೆ ಪ್ರಚಾರ ಕೊಡಬಾರದು ಅಂತ 1992ರಿಂದ ಕಾನೂನೇ ಇದೆ. ಹುಟ್ಟಿದ ಮಗುವಿಗೆ ಕೊಡುವ ಒಂದನೇ ನಂಬರಿನ ಡಬ್ಬಿ ನೋಡಿ, ಡಾಕ್ಟರು ಹೇಳಿದ್ದು ತನ್ನಿ. ಕುದಿಸಿದ ನೀರಿನಲ್ಲೇ ಕಲಸಿ. ಡಬ್ಬಿಯ ಮೇಲೆ ಬರೆದ ಅಳತೆ ಬಿಟ್ಟು ಒಂದು ಚೂರೂ ಆಚೀಚೆ ಬೇಡ. ಸಾಮಾನ್ಯವಾಗಿ 30 ಮಿಲಿ ನೀರಿಗೆ ಡಬ್ಬಿಯೊಳಗೇ ಇರುವ ಚಮಚದಲ್ಲಿ ಸಮತಟ್ಟಾಗಿ ಒಂದು. ಹೆಚ್ಚು ದಿನ ಬರಲಿ ಅಂತ ತೆಳ್ಳಗೆ ಮಾಡಿದರೆ ಮಗು ಸೊರಗುತ್ತದೆ. ಬಾಟಲಿ ಬದಲು ಒಳಲೆಯಲ್ಲಿ ಕೊಡಿ. ನಮ್ಮ ವಾರ್ಡಿನಲ್ಲೂ ಅದೇ. ತೊಳೆಯುವುದು ಸುಲಭ, ಮಗು ಎದೆ ಹಿಡಿಯುವುದನ್ನೂ ಮರೆಯುವುದಿಲ್ಲ. ತಿಂಗಳು ತುಂಬದೆ ಹುಟ್ಟಿದ ಮಕ್ಕಳಿಗಾದರೆ ದಾನಿಗಳ ಎದೆಹಾಲು ಸಿಗುವ ಹಾಲಿನ ಬ್ಯಾಂಕ್ ಬೆಂಗಳೂರಿನ ವಾಣಿವಿಲಾಸ ಆಸ್ಪತ್ರೆಯಲ್ಲಿ ಇದೆ.

ಹೊಸಅಮ್ಮ_ತುಮಕೂರು

ಎಲ್ಲರಿಗೂ ತುಂಬ ಧನ್ಯವಾದ. ಆಶಾ ಅಕ್ಕ ಬಂದಿದ್ದರು, ಮಗಳ ತೂಕ ಹುಟ್ಟಿದ್ದಕ್ಕಿಂತ ಜಾಸ್ತಿ ಆಗಿದೆ! ಅತ್ತೆಯ ಎದುರಿಗೇ ತೂಗಿದರು. ಹಸುವಿನ ಹಾಲಿನ ಮಾತು ಸದ್ಯಕ್ಕೆ ನಿಂತಿದೆ. ಬಿ12 ಪರೀಕ್ಷೆಗೆ ಬರೆಸಿಕೊಂಡಿದ್ದೇನೆ. ಇನ್ನೊಂದು ಕೇಳಬೇಕು. ಆರು ವಾರಕ್ಕೆ ಮತ್ತೆ ಗ್ಲುಕೋಸ್ ಕುಡಿಸಿ ಪರೀಕ್ಷೆ ಮಾಡಿಸಬೇಕಂತೆ. ಆ ಹೊತ್ತಿಗೆ ಗದಗಿನಲ್ಲಿ ಇರುತ್ತೇನೆ. ಬಿಟ್ಟರೆ ಏನಾಗುತ್ತದೆ?

ವಾರ್ಡ್_ಸಿಸ್ಟರ್

ಬಿಡಬೇಡ ತಂಗಿ. ತವರಿಗೆ ಹೋದೆ, ಮಗು ಅತ್ತಿತು ಅಂತ ಈ ಪರೀಕ್ಷೆಯನ್ನೇ ಎಷ್ಟೋ ಜನ ತಪ್ಪಿಸುತ್ತಾರೆ. ಬಸುರಿನ ಶುಗರ್ ಹೆರಿಗೆಯ ಜೊತೆ ಹೋಯಿತಾ ಉಳಿಯಿತಾ ಅಂತ ತಿಳಿಯುವುದು ಅದರಲ್ಲೇ. ಹೋದವರಿಗೂ ಮುಂದೆ ಟೈಪ್ 2 ಸಕ್ಕರೆ ಕಾಯಿಲೆ ಬರುವ ಸಾಧ್ಯತೆ ಬಸುರಿನಲ್ಲಿ ಶುಗರ್ ಬಾರದವರಿಗಿಂತ ತುಂಬ ಜಾಸ್ತಿ. ಅದಕ್ಕೇ ಆಮೇಲೂ ವರ್ಷಕ್ಕೊಮ್ಮೆ ನೋಡಿಸುತ್ತಿರು. ಹಾಲೂಡಿಸುವುದು ಇಲ್ಲಿ ನಿನಗೂ ನೆರವಿಗೆ ಬರುತ್ತದೆ. ಅಮೆರಿಕದಲ್ಲಿ ಹೆಂಗಸರನ್ನು 30 ವರ್ಷ ಗಮನಿಸಿದ ಅಧ್ಯಯನ ಒಂದಿದೆ. ಎಲ್ಲ ಮಕ್ಕಳಿಗೂ ಸೇರಿ ಆರು ತಿಂಗಳೋ ಅದಕ್ಕಿಂತ ಜಾಸ್ತಿಯೋ ಹಾಲೂಡಿಸಿದವರಲ್ಲಿ ಶುಗರ್ ಬರುವುದು ಸುಮಾರು ಅರ್ಧಕ್ಕೆ ಇಳಿದಿತ್ತು.

ಗದಗಿನಲ್ಲೇ ಮಾಡಿಸಬಹುದು. ತಾಯಿ ಕಾರ್ಡ್, ಹಳೆಯ ರಿಪೋರ್ಟ್ ಜೊತೆಗಿರಲಿ. ಹಿಂದಿನ ರಾತ್ರಿ ಊಟ ಆಗಿ ಎಂಟು ಗಂಟೆ ಖಾಲಿ ಹೊಟ್ಟೆ, ನೀರು ಕುಡಿಯಬಹುದು. ಮೊದಲು ಒಂದು ಸಲ ರಕ್ತ, 75 ಗ್ರಾಂ ಗ್ಲುಕೋಸ್ ಕುಡಿದು ಎರಡು ಗಂಟೆ ಆದ ಮೇಲೆ ಇನ್ನೊಂದು ಸಲ. ನೀನು ಮೆಟ್‌ಫಾರ್ಮಿನ್ ಮೇಲೆ ಇರುವುದರಿಂದ ಆವತ್ತು ಮಾತ್ರೆ ಹೇಗೆ ಅಂತ ಈಗಲೇ ಕೇಳಿಕೊಂಡು ಹೋಗು. ಮಧ್ಯೆ ಮಗುವಿಗೆ ಹಾಲೂಡಿಸಬಹುದು, ಏನೂ ತೊಂದರೆ ಇಲ್ಲ. ಜೊತೆಗೆ ಒಬ್ಬರನ್ನು ಕರೆದುಕೊಂಡು ಹೋಗು, ತಿಂಡಿ ಕಟ್ಟಿಕೊಂಡು ಹೋಗು.